ಮತ್ರಾದಲ್ಲಿ ಎರಡು ಸಲ ಬಿದ್ದ ಉಪ್ಪು

ಮಸ್ಕತ್ತಿಗೆ ಹೋಗಿ ಅರ್ಜೆಂಟೀನಾದ ಅಡುಗೆ ಕಲಿತು ಬಂದೆ ಎಂದರೆ ನಮ್ಮ ಶಾಲೆಯ ಸ್ಟಾಫ್ ರೂಮಿನಲ್ಲಿ ಒಬ್ಬರೂ ನಂಬಲಿಲ್ಲ. ನಂಬುವ ಹಾಗೆ ಹೇಳಬೇಕಾದರೆ ವಿಮಾನ ಇಳಿದ ದಿನದಿಂದಲೇ ಶುರು ಮಾಡಬೇಕು.

ಅದು ಜನವರಿಯ ಒಂದು ಭಾನುವಾರ. ಬೆಂಗಳೂರಿನಿಂದ ಮೂರೂವರೆ ಗಂಟೆಯ ಪ್ರಯಾಣ. ಮರುಭೂಮಿಯೆಂದು ಹೆದರಿ ನಾಲ್ಕು ತೆಳು ಸೀರೆ ತುಂಬಿಕೊಂಡು ಹೋದರೆ ಅಲ್ಲಿ ನಮ್ಮ ಮೈಸೂರಿನ ಹವೆಯೇ ಇತ್ತು, ಸಂಜೆಗೆ ಶಾಲು ಬೇಕಾಯಿತು. ತಂಗಿ ಸುಧಾಳ ಗಂಡ ಮುರಳಿ ವಿಮಾನ ನಿಲ್ದಾಣಕ್ಕೆ ಬಂದಿದ್ದ. ಅವರಿರುವ ಅಲ್ ಗುಬ್ರಾ ಅಲ್ಲಿಂದ ಕಾಲು ಗಂಟೆಯ ದಾರಿ. ಫ್ಲ್ಯಾಟಿನ ಕೆಳಗೆ ಕಾರು ನಿಲ್ಲಿಸುವ ಜಾಗದಲ್ಲಿ ಅರ್ಧಕ್ಕರ್ಧ ಖಾಲಿ. ಹಿಂದಿನ ಸಲ ಬೇಸಿಗೆಯಲ್ಲಿ ಬಂದಾಗ ಅಲ್ಲಿ ಜಾಗಕ್ಕೆ ಜಗಳವಾಡುತ್ತಿದ್ದರು.

"ನಮ್ಮ ಬಿಲ್ಡಿಂಗಲ್ಲೇ ಐದು ಮನೆ ಖಾಲಿ ಆಯ್ತು ಅತ್ತಿಗೆ" ಎಂದ ಮುರಳಿ. "ನಮ್ಮದೂ ಒಂದು ಕಾರು ಮಾರಿದ್ವಿ."

ತೈಲದ ಬೆಲೆ ಬಿದ್ದು ಎರಡನೆಯ ವರ್ಷ ನಡೆಯುತ್ತಿತ್ತು. ಮುರಳಿ ಎಣ್ಣೆಬಾವಿಗಳ ಯಂತ್ರಗಳನ್ನು ನೋಡಿಕೊಳ್ಳುವ ಒಂದು ಗುತ್ತಿಗೆ ಕಂಪನಿಯಲ್ಲಿ ಇಂಜಿನಿಯರು. ಕೆಲಸ ಉಳಿದಿತ್ತು, ಸಂಬಳ ಅರ್ಧವಾಗಿತ್ತು. ಮಗಳು ಅನನ್ಯಾ ಅಲ್ಲಿನ ಇಂಡಿಯನ್ ಸ್ಕೂಲಿನಲ್ಲಿ ಒಂಬತ್ತನೇ ತರಗತಿ. ಮನೆಗೆ ಇನ್ನೊಂದು ಆದಾಯ ಬರದಿದ್ದರೆ ಏಪ್ರಿಲ್‌ನಲ್ಲಿ ಸುಧಾ ಮಗಳನ್ನು ಕರೆದುಕೊಂಡು ಮೈಸೂರಿಗೆ ಹೊರಡುವುದು, ಮುರಳಿ ನಗರದ ಇನ್ನೊಂದು ಕಡೆ ರೂವಿಯಲ್ಲಿ ನಾಲ್ಕು ಜನರ ಜೊತೆ ಒಂದು ರೂಮು ಹಂಚಿಕೊಳ್ಳುವುದು ಎಂದು ತೀರ್ಮಾನವಾಗಿತ್ತು. ಮೂರು ಜನರ ಸಂಸಾರ ಹತ್ತನೇ ತರಗತಿಯ ವರ್ಷದಲ್ಲೇ ಎರಡು ಹೋಳಾಗುವ ಮಾತನ್ನು ನನಗೆ ಸಹಿಸಲಾಗಲಿಲ್ಲ. ಆದರೆ ಹೈಸ್ಕೂಲು ಟೀಚರಿನ ಸಂಬಳದಲ್ಲಿ ನಾನು ಮಾಡುವುದಾದರೂ ಏನಿತ್ತು?

ಉಳಿದಿದ್ದ ದಾರಿ ಒಂದೇ, ಅದು ಅರ್ಜೆಂಟೀನಾದ ಕಡೆಯಿಂದ ಬಂದಿತ್ತು. ಗ್ರಾಸಿಯೆಲಾ ಎಂಬಾಕೆ ಅಲ್ಲಿಯ ಸಾಲ್ತಾ ಎಂಬ ಊರಿನವಳು, ಗಂಡ ಎಣ್ಣೆಬಾವಿ ಕೊರೆಯುವ ಇಂಜಿನಿಯರು. ಅವಳೂ ಸಲ್ಮಾ ಎಂಬ ಓಮಾನಿ ಹೆಂಗಸೂ ಸೇರಿ ಮಸ್ಕತ್ತಿನ ಹಳೆಯ ಬಂದರು ಬಡಾವಣೆ ಮತ್ರಾದಲ್ಲಿ ಒಂದು ಉದ್ಯೋಗ ನಡೆಸುತ್ತಿದ್ದರು. ಬೆಳಿಗ್ಗೆ ಸಲ್ಮಾ ಪ್ರವಾಸಿಗರನ್ನು ಹಳೆಯ ಪೇಟೆಯಲ್ಲಿ ನಡೆಸಿಕೊಂಡು ಹೋಗಿ ಊರು ತೋರಿಸುವುದು. ಮಧ್ಯಾಹ್ನ ಸಲ್ಮಾಳ ಮನೆಯ ದೊಡ್ಡ ಅಡುಗೆಮನೆಯಲ್ಲಿ ಗ್ರಾಸಿಯೆಲಾ ತನ್ನ ದೇಶದ ಅಡುಗೆ ಕಲಿಸುವುದು. ಓಮಾನಿನಲ್ಲಿ ಅರ್ಜೆಂಟೀನಾದ ಅಡುಗೆ ಯಾರಿಗೆ ಬೇಕು ಎಂದು ನಾನೂ ಕೇಳಿದೆ. ಬರುವವರು ಬರುತ್ತಿದ್ದರಂತೆ. ಸುಧಾ ಒಂದು ವರ್ಷದಿಂದ ಅಲ್ಲಿ ತರಕಾರಿ ಹೆಚ್ಚಿ, ಹಿಟ್ಟು ನಾದಿ ಪಳಗಿದ್ದಳು. ಈಗ ಗ್ರಾಸಿಯೆಲಾಳ ಗಂಡನ ಕೆಲಸ ಹೋಗಿ, ಹದಿನೈದು ದಿನದಲ್ಲಿ ಅವರು ದೇಶಕ್ಕೆ ಮರಳುವವರಿದ್ದರು. ಲೈಸೆನ್ಸು, ಕಾಗದಪತ್ರ ಎಲ್ಲ ಸಲ್ಮಾಳ ಹೆಸರಿನಲ್ಲಿ. ಮಂಗಳವಾರದ ಪಾಠವನ್ನು ಸುಧಾ ಒಬ್ಬಳೇ ನಡೆಸಬೇಕು, ಅದನ್ನು ನೋಡಿ ತನ್ನ ಜೊತೆ ಇಟ್ಟುಕೊಳ್ಳುವುದೋ ಬೇಡವೋ ಹೇಳುತ್ತೇನೆ ಎಂದಿದ್ದಳು ಸಲ್ಮಾ. ಇಟ್ಟುಕೊಂಡರೆ ಕೆಲಸದ ಪರವಾನಗಿಯನ್ನೂ ಅವಳೇ ಮಾಡಿಸುತ್ತಾಳೆ.

"ದೊಡ್ಡಮ್ಮ, ಮಮ್ಮಿ ಈಸ್ ಸೋ ಟೆನ್ಸ್ಡ್. ಪ್ಲೀಸ್ ಗೋ ವಿತ್ ಹರ್" ಎಂದಳು ಅನನ್ಯಾ. ಹಾಗೆ ನಾನು ಹೊರಟೆ, ಸಹಾಯ ಮಾಡಲು.

ಮಂಗಳವಾರ ಮುರಳಿ ಕಾರು ತೆಗೆದುಕೊಂಡು ಕೆಲಸಕ್ಕೆ ಹೋಗಿದ್ದರಿಂದ ನಮಗೆ ಕೆಂಪು ಬಸ್ಸೇ ಗತಿ. ರೂವಿಗೆ ಮುನ್ನೂರು ಬೈಸಾ, ಅಲ್ಲಿಂದ ಇನ್ನೊಂದು ಬಸ್ಸಿನಲ್ಲಿ ಮತ್ರಾಕ್ಕೆ ಇನ್ನೂರು. ಹತ್ತು ವರ್ಷ ಮಸ್ಕತ್ತಿನಲ್ಲಿದ್ದ ಸುಧಾ ಬಸ್ಸು ಹತ್ತಿದ್ದು ಕಾರು ಮಾರಿದ ಮೇಲೆಯೇ. ರೂವಿಯಲ್ಲಿ ಇಳಿದಾಗ ಹೋಟೆಲಿನಿಂದ ಒಗ್ಗರಣೆಯ ವಾಸನೆ ಬಂತು. ಇಡ್ಲಿ ತಿಂದು ಹೋಗೋಣ ಎಂದೆ. ಅವಳು ಬೇಡವೆಂದು ಗಡಿಯಾರ ನೋಡಿದಳು. ನಾನು ಎರಡು ತಿಂದೆ.

ಮತ್ರಾದಲ್ಲಿ ಒಂದು ಕಡೆ ಬೋಳು ಬೆಟ್ಟ, ಇನ್ನೊಂದು ಕಡೆ ಸಮುದ್ರ, ನಡುವೆ ಒಂದು ಸಾಲು ಬಿಳಿ ಮನೆಗಳು. ಬಂದರಿನಲ್ಲಿ ಪ್ರವಾಸಿ ಹಡಗು ನಿಂತಿತ್ತು. ಸಲ್ಮಾ ಮೀನು ಮಾರುಕಟ್ಟೆಯ ಎದುರು ಕಾಯುತ್ತಿದ್ದಳು: ಐವತ್ತರ ಹತ್ತಿರದವಳು, ಗಿಡ್ಡ, ಕಪ್ಪು ಅಬಾಯಾ ನಿಲುವಂಗಿಯ ಕೆಳಗೆ ಓಡಾಡಿ ಸವೆದ ಕ್ಯಾನ್ವಾಸ್ ಬೂಟು. ಅಂದಿನ ಅತಿಥಿಗಳು ಆರು ಜನ: ಹಡಗಿನಿಂದ ಇಳಿದ ಜರ್ಮನಿಯ ಗಂಡ ಹೆಂಡತಿ, ಪುಣೆಯ ಒಂದು ಜೋಡಿ, ಇಬ್ಬರು ಫಿಲಿಪೈನ್ಸ್ ನರ್ಸುಗಳು.

"ಯಲ್ಲಾ, ಹೊರಡೋಣ. ನಾನು ನಿಧಾನವಾಗಿ ನಡೆಯುತ್ತೇನೆ, ನನಗಿಂತ ಮುಂದೆ ಹೋದವರಿಗೆ ಊಟವಿಲ್ಲ" ಎಂದು ಇಂಗ್ಲಿಷಿನಲ್ಲಿ ಹೇಳಿ ಸಲ್ಮಾ ಹೊರಟಳು.

ಎರಡು ಗಂಟೆ ನಡೆದೆವು. ಸಲ್ಮಾ ಕೋಟೆ ಬುರುಜುಗಳ ಇಸವಿ ಹೇಳಿ ಬೇಸರ ಹಿಡಿಸುವವಳಲ್ಲ. ಯಾವ ಬಾಗಿಲಿನಿಂದ ತನ್ನ ಅಜ್ಜಿ ಮದುವೆಯಾಗಿ ಬಂದಳು, ಯಾವ ಅಂಗಡಿಯ ಲೋಬಾನ ಧೂಪ ಸಾಚಾ, ಯಾವುದು ಬರೀ ಹೊಗೆ ಎಂದು ಹೇಳುತ್ತಿದ್ದಳು. ಸೂಕ್ ಎಂಬ ಹಳೆಯ ಪೇಟೆಯ ಕಿರುದಾರಿಯಲ್ಲಿ ಮೂರು ತಲೆಮಾರಿನಿಂದ ಬಟ್ಟೆ ಮಾರುವ ಕಛ್‌ನ ಒಬ್ಬ ಮುದುಕರು ನನ್ನ ಹಣೆಯ ಕುಂಕುಮ ನೋಡಿ ಹಿಂದಿಯಲ್ಲಿ ಊರು ಕೇಳಿದರು. ಮೈಸೂರು ಎಂದೆ. "ನಮ್ಮ ಅಂಗಡಿಯಲ್ಲಿ ಒಂದು ಕಾಲಕ್ಕೆ ನಿಮ್ಮೂರಿನ ಅಗರಬತ್ತಿ ಇತ್ತು. ಈಗ ಎಲ್ಲಿಯ ವ್ಯಾಪಾರ" ಎಂದು ಪೇಪರು ಮಡಚಿದರು. ಸುಧಾ ತರಕಾರಿ ಅಂಗಡಿಯಲ್ಲಿ ಎಳೆಯ ಜೋಳದ ತೆನೆ, ಈರುಳ್ಳಿ, ಕೊನೆಗೆ ಸಿಹಿ ತಿನಿಸಿಗೆಂದು ಒಂದು ದೊಡ್ಡ ಹೋಳು ಸಿಹಿಗುಂಬಳ ಆರಿಸಿ ಅತಿಥಿಗಳ ಕೈಗೆ ಕೊಟ್ಟಳು. ಜರ್ಮನಿಯವರು ಕುಂಬಳವನ್ನು ಮಗುವಿನ ಹಾಗೆ ಎತ್ತಿಕೊಂಡು ನಡೆದರು.

ಸಲ್ಮಾಳ ಮನೆ ಬೆಟ್ಟದ ಬುಡದಲ್ಲಿ, ಮೆಟ್ಟಿಲು ಹತ್ತಿ ಹೋಗಬೇಕು. ಗ್ರಾಸಿಯೆಲಾ ಬಾಗಿಲಲ್ಲೇ ಸುಧಾಳನ್ನು ತಬ್ಬಿಕೊಂಡಳು. ಎತ್ತರದ ಆಳು, ದೊಡ್ಡ ದನಿ. "ಇವತ್ತು ನಾನು ಮಾತಾಡುವುದಿಲ್ಲ, ಮುಟ್ಟುವುದಿಲ್ಲ, ಕುರ್ಚಿಯಲ್ಲಿ ಕೂರುತ್ತೇನೆ" ಎಂದು ಘೋಷಿಸಿ, ಒಂದು ಸೋರೆಬುರುಡೆಯಲ್ಲಿ ಹಸಿರು ಎಲೆಯ ಕಷಾಯ ಬೆರೆಸಿ ಕೂತಳು. ಅದರ ಹೆಸರು ಮಾತೆ. ಎಲ್ಲರಿಗೂ ಒಂದೇ ಬುರುಡೆ, ಒಂದೇ ಲೋಹದ ಕೊಳವೆ. ಒಬ್ಬರು ಹೀರಿ ಮುಗಿಸಿದ ಮೇಲೆ ಬಿಸಿನೀರು ತುಂಬಿ ಇನ್ನೊಬ್ಬರಿಗೆ. ನನ್ನ ಸರದಿ ಬಂದಾಗ ಜರ್ಮನಿಯವರ ಎಂಜಲು ನನ್ನ ಮುಂದಿತ್ತು.

"ಬೇಡ ಅನ್ಬೇಡಕ್ಕ, ಬೇಜಾರ್ ಮಾಡ್ಕೋತಾಳೆ" ಎಂದಳು ಸುಧಾ ಮೆಲ್ಲಗೆ. "ಸ್ವಲ್ಪ ಹೊತ್ತು ಹಿಡ್ಕೊಂಡಿದ್ದು ವಾಪಸ್ ಕೊಡು. ಒಂದ್ ವರ್ಷದಿಂದ ನಾನು ಮಾಡ್ತಿರೋದು ಅದೇ."

ನಮ್ಮ ಮನೆಯ ರೀತಿ ಇಲ್ಲಿ ಸ್ವಲ್ಪ ಹೇಳಬೇಕು. ನಮ್ಮ ಅಮ್ಮ ಅಡುಗೆ ಮಾಡುವಾಗ ಯಾವತ್ತೂ ರುಚಿ ನೋಡಿದವಳಲ್ಲ. ದೇವರ ನೈವೇದ್ಯಕ್ಕೆ ಮೊದಲು ನಾಲಿಗೆಗೆ ತಾಗಿಸಿದರೆ ಅದು ಎಂಜಲು. ಉಪ್ಪು ಸರಿಯಿದೆಯೋ ಇಲ್ಲವೋ ಎಂಬುದನ್ನು ಅವಳು ವಾಸನೆಯಿಂದ, ಕುದಿಯುವ ಬಗೆಯಿಂದ ಹೇಳುತ್ತಿದ್ದಳು. ಇನ್ನೊಂದು ಕಟ್ಟಳೆಯೂ ಇತ್ತು: ಪಾತ್ರೆಯನ್ನು ಒಲೆಯಿಂದ ಯಾರು ಇಳಿಸುತ್ತಾರೋ ಅವರೇ ಉಪ್ಪು ಹಾಕಬೇಕು. ನಾಲ್ಕು ಹೆಂಗಸರು ಓಡಾಡುವ ಮನೆಯಲ್ಲಿ ಅದರಿಂದ ಗೊಂದಲವೇ ಇರಲಿಲ್ಲ. ನನಗೆ ಐವತ್ತೆರಡು, ಸುಧಾಳಿಗೆ ನಲವತ್ತನಾಲ್ಕು, ಇಬ್ಬರೂ ಅಂದಿನವರೆಗೆ ಸೌಟಿನಿಂದ ರುಚಿ ನೋಡಿದವರಲ್ಲ.

ಅಂದಿನ ಅಡುಗೆ ಎಂಪನಾದ. ನಮ್ಮ ಕರ್ಜಿಕಾಯಿಯ ಅಕ್ಕ ಎನ್ನಿ: ಮೈದಾ ಹಿಟ್ಟಿನ ಹಾಳೆಯೊಳಗೆ ಹೂರಣವಿಟ್ಟು ಮಡಿಸಿ, ಅಂಚನ್ನು ಹೆಣೆದು, ಓವನ್ನಿನಲ್ಲಿ ಬೇಯಿಸುವುದು. ಅವರಲ್ಲಿ ಮಾಂಸದ್ದೇ ಹೆಚ್ಚು. ಸುಧಾ ಮಾಡುತ್ತಿದ್ದದ್ದು ಜೋಳದ ಹೂರಣದ್ದು. ಅದೂ ಅಲ್ಲಿನ ಹಳೆಯ ಪದ್ಧತಿಯೇ. ಬೆಣ್ಣೆಯಲ್ಲಿ ಈರುಳ್ಳಿ ಬಾಡಿಸಿ, ತುರಿದ ಜೋಳ, ಹಾಲು, ಕೆಂಪು ಮೆಣಸಿನ ಪುಡಿ ಹಾಕಿ ಗಟ್ಟಿಯಾಗುವವರೆಗೆ ತಿರುವಬೇಕು. ತಿರುವುವ ಕೆಲಸ ನನಗೆ ಕೊಟ್ಟು ಸುಧಾ ಅತಿಥಿಗಳಿಗೆ ಹಿಟ್ಟು ಲಟ್ಟಿಸುವುದನ್ನು ತೋರಿಸಲು ಮೇಜಿನ ಕಡೆ ಹೋದಳು. ಅವಳ ಇಂಗ್ಲಿಷು ಮೊದಲು ತಡವರಿಸಿತು, ಆಮೇಲೆ ಹರಿಯಿತು. ಆ ನರ್ಸುಗಳನ್ನು ನಗಿಸಿದಳು ಕೂಡ. ನನಗೆ ಹೆಮ್ಮೆಯಾಯಿತು.

ಹೂರಣ ತಳ ಬಿಟ್ಟಿತು. ನಾನು ಪಾತ್ರೆ ಇಳಿಸಿದೆ. ಇಳಿಸಿದವರು ಮಾಡಬೇಕಾದದ್ದನ್ನು ಮಾಡಿದೆ.

ಗ್ರಾಸಿಯೆಲಾಳ ಪದ್ಧತಿಯಲ್ಲಿ ಈರುಳ್ಳಿಯ ಜೊತೆಗೇ ಉಪ್ಪು ಬೀಳುತ್ತದೆ ಎಂದು ನನಗೇನು ಗೊತ್ತು? ಸುಧಾ ಆಗಲೇ ಹಾಕಿದ್ದಳು. ಅವಳು ಬಂದಳು, ಬಗ್ಗಿ ವಾಸನೆ ನೋಡಿದಳು; ಬೆಣ್ಣೆ ಮೆಣಸಿನ ಘಮದಲ್ಲಿ ಉಪ್ಪಿನ ಸುಳಿವು ಹತ್ತಲಿಲ್ಲ. ಮಾದರಿಗೆಂದು ನಾಲ್ಕು ಎಂಪನಾದ ಮಡಿಸಿ ಓವನ್ನಿಗಿಟ್ಟಳು. ಇಪ್ಪತ್ತು ನಿಮಿಷದಲ್ಲಿ ಹೊಂಬಣ್ಣಕ್ಕೆ ಬಂದವು. ಮೊದಲನೆಯದನ್ನು ಗ್ರಾಸಿಯೆಲಾ ಮುರಿದಳು. ಬಾಯಿಗಿಟ್ಟವಳು ಅಗಿಯುವುದನ್ನು ನಿಲ್ಲಿಸಿದಳು.

"ಇದಕ್ಕೆ ಉಪ್ಪು ಹಾಕಿದ್ದು ಯಾರು?" ಮಾತಾಡುವುದಿಲ್ಲ ಎಂದವಳ ದನಿ ಮನೆಯಿಡೀ ಕೇಳಿಸಿತು. ಬಾಗಿಲಲ್ಲಿ ನಿಂತಿದ್ದ ಸಲ್ಮಾ ಒಂದು ಚೂರು ತಿಂದು ನೀರು ಕುಡಿದಳು. ಆರು ಜನ ಅತಿಥಿಗಳು ಲಟ್ಟಣಿಗೆ ಹಿಡಿದು ನಮ್ಮನ್ನೇ ನೋಡುತ್ತಿದ್ದರು.

ಸುಧಾ ನನ್ನ ಮುಖ ನೋಡಿದಳು. ಅವಳಿಗೆ ಗೊತ್ತಾಯಿತು. ಒಂದೇ ತಾಯಿ ಬೆಳೆಸಿದ ಮಕ್ಕಳಿಗೆ ಅದು ಗೊತ್ತಾಗದೆ ಇರುತ್ತದೆಯೇ.

"ನಾನೇ" ಎಂದಳು. "ಎರಡು ಸಲ ಹಾಕಿಬಿಟ್ಟೆ."

ಮೂವತ್ತು ವರ್ಷದಿಂದ ಮಕ್ಕಳಿಗೆ ಪಾಠ ಹೇಳುವವಳು ನಾನು. ಸೀಮೆಸುಣ್ಣ ಎಸೆದವರು ಒಪ್ಪಿಕೊಳ್ಳುವವರೆಗೆ ಇಡೀ ತರಗತಿಯನ್ನು ನಿಲ್ಲಿಸುವವಳು. ಅಂಥ ನನ್ನ ಬಾಯಿಂದ ಒಂದು ಮಾತು ಹೊರಡಲಿಲ್ಲ. ತಂಗಿಯ ಒಂದು ವರ್ಷದ ಶ್ರಮ, ಅನನ್ಯಾಳ ಶಾಲೆ, ಎಲ್ಲ ನನ್ನ ಒಂದು ಹಿಡಿ ಉಪ್ಪಿನಲ್ಲಿ ಹೋಯಿತು ಎಂದುಕೊಂಡೆ.

ಸುಧಾ ಒಂದು ಚಮಚ ತೆಗೆದುಕೊಂಡಳು. ಪಾತ್ರೆಯಿಂದ ಹೂರಣ ಎತ್ತಿದಳು, ಎಲ್ಲರೆದುರು ಬಾಯಿಗಿಟ್ಟುಕೊಂಡು ಕಣ್ಣು ಮುಚ್ಚಿದಳು. ನಾನು ತಡೆಯಲು ಹೋಗಿ ಕೈ ಹಿಂದಕ್ಕೆಳೆದುಕೊಂಡೆ. ಕಣ್ಣು ತೆರೆದವಳು ಅತಿಥಿಗಳ ಕಡೆ ತಿರುಗಿ, "ಇವತ್ತು ನಿಮಗೆ ಯಾವ ಪುಸ್ತಕದಲ್ಲೂ ಇಲ್ಲದ ಪಾಠ. ಕೆಟ್ಟ ಹೂರಣ ಸರಿ ಮಾಡೋದು ಹೇಗೆ ಅಂತ" ಎಂದಳು. ನನಗೆ ಕನ್ನಡದಲ್ಲಿ, "ಅಕ್ಕ, ಕುಂಬಳಕಾಯಿ ಹೆಚ್ಚು. ಸಣ್ಣಕೆ."

ಸಿಹಿಗುಂಬಳ ಬೇಯಿಸಿ ಮಸೆದೆವು. ಉಳಿದ ತೆನೆಗಳನ್ನೆಲ್ಲ ಪುಣೆಯವರು ತುರಿದು ಕೊಟ್ಟರು. ಸುಧಾ ಅಷ್ಟಷ್ಟೇ ಸೇರಿಸಿ, ರುಚಿ ನೋಡಿ, ಬೇರೆ ಚಮಚ ತೆಗೆದುಕೊಂಡು ಮತ್ತೆ ನೋಡಿದಳು. ಅತಿಥಿಗಳಿಗೂ ಒಂದೊಂದು ಚಮಚ ಕೊಟ್ಟು ಇನ್ನೇನು ಬೇಕು ಎಂದು ಕೇಳಿದಳು. ಬೇಯುವ ಹೊತ್ತಿನಲ್ಲಿ ಅಂಚು ಹೆಣೆಯುವುದನ್ನು ಹೇಳಿಕೊಟ್ಟಳು. ಅರ್ಜೆಂಟೀನಾದಲ್ಲಿ ಒಳಗಿರುವ ಹೂರಣ ಯಾವುದೆಂದು ಹೆಣಿಗೆ ನೋಡಿಯೇ ಹೇಳುತ್ತಾರಂತೆ. ಅವಳು ಹೆಣೆದದ್ದು ಗೌರಿ ಹಬ್ಬದ ಕರ್ಜಿಕಾಯಿಯ ಹೆಣಿಗೆ, ಬೆರಳು ಕಾಣದಷ್ಟು ಬೇಗ. ಜರ್ಮನಿಯ ಹೆಂಗಸು ಫೋನು ತೆಗೆದು ಬರೀ ಅವಳ ಕೈಯ ವೀಡಿಯೊ ಮಾಡಿಕೊಂಡಳು.

ಎರಡನೆಯ ತಟ್ಟೆ ಮೇಜಿಗೆ ಬಂತು. ಗ್ರಾಸಿಯೆಲಾ ತಿಂದಳು. "ನಮ್ಮ ಅಜ್ಜಿಯೂ ಜೋಳಕ್ಕೆ ಕುಂಬಳ ಹಾಕುತ್ತಿದ್ದಳು. ನಾನು ಮರೆತೇಬಿಟ್ಟಿದ್ದೆ" ಎಂದು ಇನ್ನೊಂದು ತೆಗೆದುಕೊಂಡಳು. ಮಾಡಿದ್ದೆಲ್ಲ ಖಾಲಿಯಾಯಿತು. ಸಿಹಿ ತಿನಿಸಿಗೆ ಏನೂ ಉಳಿಯದೆ ಖರ್ಜೂರ ಕೊಟ್ಟೆವು.

ನಾಲ್ಕು ಗಂಟೆಗೆ ಅತಿಥಿಗಳು ಹೊರಟರು. ಸುಧಾ ಗ್ರಾಸಿಯೆಲಾಳ ಜೊತೆ ಮೇಜು ಒರೆಸುತ್ತಿದ್ದಳು. ನಾನು ಅಂಗಳದ ನಲ್ಲಿಯ ಹತ್ತಿರ ಲೋಟ ತೊಳೆಯುತ್ತಿದ್ದ ಸಲ್ಮಾಳ ಬಳಿ ಹೋದೆ. ನನಗೆ ಬರುವ ಹರಕುಮುರುಕು ಹಿಂದಿಯಲ್ಲಿ, "ಉಪ್ಪು ಹಾಕಿದ್ದು ನಾನು, ಅವಳಲ್ಲ. ಅವಳು ಸುಳ್ಳು ಹೇಳಿದಳು. ನಾನು ಸುಮ್ಮನಿದ್ದೆ" ಎಂದೆ.

"ಮಾಲೂಮ್ ಹೈ ದೀದಿ" ಎಂದಳು ಸಲ್ಮಾ. ಅವಳ ಹಿಂದಿ ನನ್ನದಕ್ಕಿಂತ ಚೆನ್ನಾಗಿತ್ತು. "ನಾನು ಬಾಗಿಲಲ್ಲೇ ಇದ್ದೆ. ನೀವು ಹಾಕಿದ್ದನ್ನೂ ನೋಡಿದೆ."

"ಮತ್ತೆ ಆಗಲೇ ಯಾಕೆ ಹೇಳಲಿಲ್ಲ?"

ಅವಳು ಲೋಟ ಬೋರಲಿಟ್ಟಳು. "ಗ್ರಾಸಿಯೆಲಾಳ ಅಡುಗೆ ಕೆಟ್ಟ ದಿನ ಉಪ್ಪು ಮಾರಿದವನಿಂದ ಹಿಡಿದು ನನ್ನವರೆಗೆ ಎಲ್ಲರಿಗೂ ಬೈಗುಳ. ಮೂರು ವರ್ಷ ತಿಂದಿದ್ದೇನೆ. ಅಡುಗೆ ಮಾಡುವವರು ಬೇಕಾದಷ್ಟು ಸಿಗುತ್ತಾರೆ. ಕೆಟ್ಟಾಗ ನಿಮ್ಮ ತಂಗಿ ಏನು ಮಾಡುತ್ತಾಳೆ ಅಂತ ನನಗೆ ನೋಡಬೇಕಿತ್ತು. ನೋಡಿದೆ, ಖಲಾಸ್." ಆಮೇಲೆ ಒಳಗೆ ಕೇಳುವ ಹಾಗೆ ಕೂಗಿದಳು, "ಸುಧಾ, ಬರುವ ವಾರ ಗುರುವಾರ ಇನ್ನೊಂದು ಹಡಗು ಇದೆ. ಎಂಟು ಜನ."

ಒಳಗೆ ಒರೆಸುವ ಸದ್ದು ನಿಂತಿತು. ನಾನು ನೋಡಲು ಹೋಗಲಿಲ್ಲ. ಅಳುವವಳನ್ನು ನೋಡಿದರೆ ನಾನೂ ಅಳುವವಳೇ. ಬಸ್ಸಿನಲ್ಲಿ ಅವಳ ಕೈ ಹಿಡಿದು ಕೂತೆ. "ಸುಮ್ನೆ ಇದ್ಬಿಟ್ಟೆ ಕಣೇ" ಎಂದೆ. "ನೀನು ಬಾಯಿ ಬಿಟ್ಟಿದ್ರೆ ಅಲ್ಲೇ ಜಗಳ ಆಗ್ತಿತ್ತು, ಬಿಡು" ಎಂದು ನನ್ನ ಭುಜಕ್ಕೆ ಒರಗಿ ರೂವಿ ಬರುವವರೆಗೆ ನಿದ್ದೆ ಮಾಡಿದಳು.

ನಾನು ಊರಿಗೆ ಹೊರಟದ್ದು ಆ ಗುರುವಾರವೇ. ವಿಮಾನ ನಿಲ್ದಾಣಕ್ಕೆ ಮುರಳಿ ಒಬ್ಬನೇ ಬಿಡಲು ಬಂದ. ಒಳಗೆ ಹೋಗುವ ಮೊದಲು ಸುಧಾಳಿಗೆ ಫೋನು ಮಾಡಿದೆ. ಹಿಂದೆ ನಗು, ಪಾತ್ರೆಗಳ ಸದ್ದು.

"ಅಕ್ಕ, ಈಗ ಮಾತಾಡಕ್ಕಾಗಲ್ಲ, ಬಾಯಲ್ಲಿ ಹೂರಣ ಇದೆ" ಎಂದು ಇಟ್ಟುಬಿಟ್ಟಳು.