ಮೊದಲ ಸುತ್ತಿನ ಹರಿಗೋಲು

ಇದರಲ್ಲಿ ಕೆಲವು ವಿವರ ತಪ್ಪಿರಬಹುದು. ಆ ದಿನ ಹೇಮಾವತಿಯಲ್ಲಿ ನೀರೆಷ್ಟಿತ್ತು ಎಂದು ಕೇಳಿದರೆ ಮನೆಯಲ್ಲಿ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ, ನನ್ನ ನೆನಪನ್ನೂ ನಾನು ಪೂರ್ತಿ ನಂಬುವುದಿಲ್ಲ. ಆದರೆ ಹರಿಗೋಲಿನಲ್ಲಿ ನಾನು ಕೂತಿದ್ದು ನಿಜ.

ತೊಂಬತ್ತರ ದಶಕದ ಮೊದಲ ವರ್ಷಗಳು. ಕೆ.ಆರ್. ಪೇಟೆಯ ಕಾಲೇಜಿಗೆ ಹೋಗಲು ಹೊಳೆ ದಾಟಿ ಆಚೆ ದಡದಲ್ಲಿ ಬಸ್ಸು ಹಿಡಿಯಬೇಕಿತ್ತು. ಹರಿಗೋಲಿನ ಮೊದಲ ಸುತ್ತು ಗಂಡಸರಿಗೆ, ಅವರ ಸೈಕಲ್ಲಿಗೆ, ಹಾಲಿನ ಕ್ಯಾನಿಗೆ. ಹೆಂಗಸರದು ಎರಡನೆಯ ಸುತ್ತು. ಅಷ್ಟರಲ್ಲಿ ಬಸ್ಸು ಹೋಗಿರುತ್ತಿತ್ತು. ಬೆಳಗಿನ ಪಾಠ ನನಗೆ ಸಿಕ್ಕಿದ್ದೇ ಕಡಿಮೆ. ಅಂದು ಡಿಗ್ರಿಯ ಕೊನೆಯ ಪರೀಕ್ಷೆ. ಎಲ್ಲರಿಗಿಂತ ಮೊದಲು ಹತ್ತಿ ಕೂತೆ.

“ಇಳಿಯವ್ವ ಕೆಳಕ್ಕೆ. ಗಂಡಸ್ರು ಓಗ್ಲಿ,” ಎಂದರು ಸೈಕಲ್ ಸಮೇತ ಹತ್ತಿದ ದೊಡ್ಡಪ್ಪ.

“ಇವತ್ತು ಪರೀಕ್ಷೆ ದೊಡ್ಡಪ್ಪ, ಇಳಿಯಾಕಿಲ್ಲ. ಜಾಗ ಸಾಲ್ದಿದ್ರೆ ನಿಮ್ ಸೈಕಲ್ ಇಳ್ಸಿ.”

“ಕಾಲೇಜಲ್ಲಿ ಇದೇನಾ ಕಲ್ತಿರಾದು?”

“ಇದ್ನ ಇಲ್ಲೇ ಕಲ್ತೆ, ದಡದಲ್ಲಿ ಕಾಯ್ತಾ.”

ಯಾರೋ ನಕ್ಕರು. ಅಂಬಿಗ ಹುಟ್ಟು ಎತ್ತಿಕೊಂಡು, “ಸೈಕಲ್ಲೇನು ಪರೀಕ್ಷೆ ಬರಿಯಾಕಿಲ್ಲ, ಇಳ್ಸಿ ಗೌಡ್ರೆ,” ಎಂದ. ದೊಡ್ಡಪ್ಪ ಸೈಕಲ್ಲಿನ ಜೊತೆ ತಾವೂ ಇಳಿದರು. ನಾನು ಕ್ಷಮೆ ಕೇಳಲಿಲ್ಲ, ಈಗಲೂ ಕೇಳುವುದಿಲ್ಲ. ಬಸ್ಸು ಸಿಕ್ಕಿತು, ಪರೀಕ್ಷೆ ಬರೆದೆ.

ದೊಡ್ಡವ್ವ ಆಗ ಸೊಪ್ಪಿನ ಮಂಕರಿ ಇಟ್ಟುಕೊಂಡು ದಡದಲ್ಲೇ ನಿಂತಿದ್ದರು. ಮದುವೆಯಾಗಿ ಬಂದಾಗಿನಿಂದ ಎರಡನೆಯ ಸುತ್ತಿನಲ್ಲೇ ಸಂತೆಗೆ ಹೋದವರು. ಆ ಸಂಜೆ ಅವರನ್ನು ಕೇಳಿದೆ: “ಒಂದಿನಾನಾದ್ರೂ ಮೊದ್ಲು ಓಗಿ ಕೂರ್ಬೇಕು ಅಂತ ನಿಂಗೆ ಅನ್ನಿಸ್ಲೇ ಇಲ್ವಾ, ದೊಡ್ಡವ್ವ?”