ಎಂಟಲ್ಲ, ನಾಲ್ಕು

ರೋಣ ತಾಲ್ಲೂಕಿನ ಕಲ್ಲಿನಾಥರು ಡೆಟ್ರಾಯಿಟ್ ಪಕ್ಕದ ಕಾರ್ಖಾನೆಯೊಂದರಲ್ಲಿ ಇಪ್ಪತ್ತೆಂಟು ವರ್ಷ ಕಾರಿನ ಬ್ರೇಕಿನ ಬಿಡಿಭಾಗಗಳನ್ನು ಅಳೆದವರು. ಇಂಚಿನ ಸಾವಿರದಲ್ಲೊಂದು ಪಾಲು ಹೆಚ್ಚುಕಡಿಮೆಯಾದರೂ ಆ ತುಂಡು ಕಸಕ್ಕೆ. ಮೇಲಿನವರು ಎಷ್ಟು ಕಣ್ಣು ಬಿಟ್ಟರೂ ಈ ಮನುಷ್ಯ ಜಗ್ಗಿದ್ದಿಲ್ಲ. ಮನೆಯಲ್ಲೂ ಅದೇ ಚಾಳಿ. ಮಗಳು ಸಿಯಾ ಪರೀಕ್ಷೆಯಲ್ಲಿ ತೊಂಬತ್ತೇಳು ತಂದರೆ ಉಳಿದ ಮೂರು ಎಲ್ಲಿ ಹೋದವು ಎಂದು ಕೇಳುವ ಆಸಾಮಿ.

ಅಂಥ ಮಗಳು ಮೆಡಿಕಲ್ ಓದನ್ನು ನಡುವೆಯೇ ಬಿಟ್ಟು ಕಾಡುಪ್ರಾಣಿಗಳ ಅಧ್ಯಯನಕ್ಕೆ ಹೋದಾಗ, “ಇಲಿ ಎಣಸಾಕ ಇಷ್ಟು ಓದಬೇಕೇನು?” ಎಂದುಬಿಟ್ಟರು. ಅಪ್ಪನಿಗೆ ಆಡಿದ್ದು ಮರೆತುಹೋಯಿತು, ಮಗಳಿಗೆ ಮರೆಯಲಿಲ್ಲ. ಆಮೇಲೆ ಹತ್ತು ವರ್ಷ ಅವರಿಬ್ಬರ ನಡುವಿನ ಮಾತೆಲ್ಲ ಹೆಂಡತಿ ರುದ್ರಮ್ಮನ ಬಾಯಿಂದಲೇ ನಡೆಯಿತು. ಅಪ್ಪ ಕೇಳಿದರು ಎಂದು ಅತ್ತ, ಮಗಳು ಆರಾಮ ಇದ್ದಾಳಂತೆ ಎಂದು ಇತ್ತ. ರುದ್ರಮ್ಮ ತೀರಿಕೊಂಡಿದ್ದೇ ಅದೂ ನಿಂತಿತು. ಕಲ್ಲಿನಾಥರು ಮಿಶಿಗನ್ನಿನ ಮನೆ ಮಾರಿ ಶಿಕಾಗೋ ಹತ್ತಿರದ ಗ್ಲೆಂಡೇಲ್ ಹೈಟ್ಸ್‌ಗೆ ಬಂದರು. ಮಗಳ ಮನೆಗೆ ಹದಿಮೂರೇ ಮೈಲಿ. ಬಂದು ಎರಡು ವರ್ಷವಾದರೂ ಯುಗಾದಿಗೊಂದು ಊಟ, ದೀಪಾವಳಿಗೊಂದು ಊಟ, ಅಷ್ಟೇ.

ಈ ಬೇಸಿಗೆಯಲ್ಲಿ ಸಿಯಾಳೇ ಫೋನ್ ಮಾಡಿದಳು. “ಅಪ್ಪಾ, ನನ್ನ ಸರ್ವೆಗೆ ಜನ ಶಾರ್ಟ್ ಇದಾರೆ. ವಾಲಂಟಿಯರ್ ಆಗಿ ಬರ್ತೀಯಾ?”

ಅವರು ಅಂದೇ ಹೋಗಿ ಹೊಸ ಬೂಟು ಕೊಂಡು ತಂದರು.

ಜಾಗ ಹಾಫ್‌ಮನ್ ಎಸ್ಟೇಟ್ಸ್‌ನ ಒಂದು ಕಂಪನಿಯ ಹಿತ್ತಲು. ನೇಗಿಲು ಕಾಣದೆ ಉಳಿದ ಹನ್ನೊಂದು ಎಕರೆ ಹಳೆಯ ಹುಲ್ಲುಗಾವಲು. ಅದರ ಬುಡದಲ್ಲಿ, ಹುಲ್ಲು ಕಡಿದು ಮಾಡಿಕೊಂಡ ಸಣ್ಣ ಓಣಿಗಳಲ್ಲಿ ಪ್ರೇರಿ ವೋಲ್‌ಗಳು ಓಡಾಡುತ್ತಿದ್ದವು. ಉತ್ತರ ಅಮೆರಿಕದ ನಡುಭಾಗದ ಹುಲ್ಲುನಾಡನ್ನು ಬಿಟ್ಟು ಬೇರೆಲ್ಲೂ ಇರದ, ಇಲಿಯನ್ನು ಹೋಲುವ ಜೀವಿ. ಕಂದು ಮೈ, ಗಿಡ್ಡ ಬಾಲ, ಕೂದಲಲ್ಲಿ ಮುಚ್ಚಿಹೋದ ಕಿವಿ. ತಗಡಿನ ಬೋನಿನಲ್ಲಿ ಮಲಗಲು ಹತ್ತಿ, ತಿನ್ನಲು ಓಟ್ಸ್ ಇಟ್ಟು ಹಿಡಿಯುವುದು, ತೂಗಿ ಕಿವಿಗೆ ನಂಬರು ಹಾಕಿ ಬಿಡುವುದು, ಇದು ಕೆಲಸ. ಬೋನುಗಳು ಒಟ್ಟು ಇಪ್ಪತ್ತು.

“ಇಲಿ ಅಲ್ಲ ಅಪ್ಪಾ, ವೋಲ್. ಇವು ಜೋಡಿ ಆದ್ರೆ ಲೈಫ್ ಪೂರ್ತಿ ಒಂದೇ ಜೋಡಿ, ಆಲ್ಮೋಸ್ಟ್. ಒಂದು ಸತ್ರೆ ಇನ್ನೊಂದು ಬೇರೆಯವರನ್ನ ಹುಡುಕೋದೂ ಕಡಿಮೆ.”

“ಹೌದೇನು?” ಎಂದರು ಕಲ್ಲಿನಾಥರು. ಮಗಳು ತನಗೆ ಏನನ್ನಾದರೂ ಹೇಳಿಕೊಡುತ್ತಿದ್ದಾಳಲ್ಲ ಎಂಬ ಹಿಗ್ಗಿನಲ್ಲಿ ಅರ್ಧ ಕೇಳಿಸಲಿಲ್ಲ. ನಾಲ್ಕನೇ ಬೋನಿನ ಬಳಿ ಅಂಥದೊಂದು ಜೋಡಿಯಿತ್ತು, ಮೂರನೇ ವಾರದ ಹೊತ್ತಿಗೆ ಹೆಣ್ಣು ಬಸುರಿಯಾಯಿತು. ಅದನ್ನು ತೂಗುವ ಕೆಲಸವನ್ನು ಅವರು ಇನ್ನೊಬ್ಬರಿಗೆ ಬಿಡುತ್ತಿರಲಿಲ್ಲ. ಐದು ವಾರ ಹೀಗೆ ನಡೆಯಿತು. ಅಷ್ಟು ಸುಖದ ಐದು ವಾರ ಅವರ ಬಾಳಿನಲ್ಲಿ ಬಹಳ ಇರಲಿಲ್ಲ.

ಆರನೇ ವಾರದ ಶುಕ್ರವಾರದಂದು, ಮುಂದಿನ ಎರಡು ದಿನ ತೊಂಬತ್ತೆಂಟು ಡಿಗ್ರಿ ಫ್ಯಾರನ್‌ಹೀಟ್ ಬಿಸಿಲು ಎಂಬ ಎಚ್ಚರಿಕೆ ಬಂತು. ಬಿಸಿಲಲ್ಲಿ ತಗಡು ಕಾದ ಹೆಂಚಾಗುತ್ತದೆ. ಆದ್ದರಿಂದ ಒಳಗೆ ಏನೂ ಹೋಗದಂತೆ ಎಲ್ಲ ಬೋನುಗಳನ್ನೂ ಮುಚ್ಚಿ ಹೊರಡಬೇಕು. ಕಲ್ಲಿನಾಥರು ಹತ್ತೊಂಬತ್ತನ್ನು ಮುಚ್ಚಿದರು. ಒಂದರ ಬಾಗಿಲು ಸಿಕ್ಕಿಕೊಂಡು ಬರಲಿಲ್ಲ, ಇನ್ನಷ್ಟು ಬಗ್ಗಿ ಎಳೆದಾಡಲು ಮಂಡಿ ಕೇಳಲಿಲ್ಲ. ಬೆವರು ಒರೆಸಿಕೊಳ್ಳುತ್ತ ಚೀಟಿಯಲ್ಲಿ ಅದರ ನಂಬರು ಗೀಚಿ ಮಗಳ ಕೈಗಿತ್ತರು. “ಇದೊಂದು ಬಾಗಿಲಾ ಹಾಕಾಕ ಬರವಲ್ದು. ನೀನ ನೋಡವಾ.”

ಸಿಯಾ ಹೋಗಿ ನೋಡಿ ಬಂದಳು. “ಆಲ್‌ರೆಡಿ ಕ್ಲೋಸ್ ಆಗಿತ್ತು ಅಪ್ಪಾ.”

ಎಳೆದಾಟದಲ್ಲಿ ತಾನಾಗಿಯೇ ಬಿದ್ದಿರಬೇಕು ಎಂದುಕೊಂಡರು ಅವರು. ಇಬ್ಬರೂ ಮನೆಗೆ ಹೋದರು.

ಸೋಮವಾರ ಬೆಳಿಗ್ಗೆ ನಾಲ್ಕನೇ ಬೋನಿನ ಬಾಗಿಲು ಬಿದ್ದಿತ್ತು, ಒಳಗೆ ಹೆಣ್ಣು ಸತ್ತಿತ್ತು. ಹತ್ತಿಯಲ್ಲಿ ಹುಣಸೆಬೀಜದಷ್ಟಿದ್ದ ಮೂರು ಮರಿಗಳು, ಅವೂ ಸತ್ತಿದ್ದವು. ಗಂಡು ಹೊರಗಿತ್ತು. ಬಾಗಿಲ ಮುಂದಿನ ಹುಲ್ಲನ್ನೆಲ್ಲ ಬುಡದವರೆಗೆ ಕಡಿದು ಹಾಕಿ ಅಲ್ಲೇ ಕೂತಿತ್ತು. ಮನುಷ್ಯರು ಬಂದರೂ ಓಡಲಿಲ್ಲ.

ಸಿಯಾ ನೆಲದ ಮೇಲೆ ಕುಸಿದು ಕೂತಳು. “ನಂದೇ ತಪ್ಪು. ನೀನು ಎಂಟು ಅಂತ ಬರೆದಿದ್ದೆ, ಎಂಟು ಮುಚ್ಚೇ ಇತ್ತು. ಆಗ್ಲೇ ಎಲ್ಲಾ ಚೆಕ್ ಮಾಡ್ಬೇಕಿತ್ತು ನಾನು.”

ಚೀಟಿ ಅವಳ ಕ್ಲಿಪ್‌ಬೋರ್ಡಿಗೆ ಸಿಕ್ಕಿಸಿಯೇ ಇತ್ತು. ಕಲ್ಲಿನಾಥರು ನೋಡಿದರು. ತಾವು ಬರೆದದ್ದು ೪. ಕಾರ್ಖಾನೆಯಲ್ಲಿ ಇಪ್ಪತ್ತೆಂಟು ವರ್ಷ ಒಮ್ಮೆಯೂ ಜಾರದ ಕೈ, ಗಡಿಬಿಡಿಯಲ್ಲಿ ಕನ್ನಡ ಶಾಲೆಯ ಅಂಕಿ ಬರೆದಿತ್ತು. ಕನ್ನಡ ಓದಲು ಬಾರದ ಹುಡುಗಿಗೆ ಅದು ಇಂಗ್ಲಿಷಿನ ಎಂಟಾಗಿ ಕಂಡಿತ್ತು. ಆ ಚೀಟಿಯನ್ನು ಸರಿಯಾಗಿ ಓದಬಲ್ಲವರು ಆ ಹನ್ನೊಂದು ಎಕರೆಯಲ್ಲಿ ಅವರೊಬ್ಬರೇ. ಬಾಯಿ ಮುಚ್ಚಿಕೊಂಡಿದ್ದರೆ ಮಗಳು ತಾನೇ ಹೊತ್ತುಕೊಳ್ಳುತ್ತಿದ್ದಳು, ನಾಳೆಯೂ ಬಾ ಎನ್ನುತ್ತಿದ್ದಳು. ಸುಳ್ಳು ಹೇಳಬಾರದು, ಆದರೆ ಆ ಕ್ಷಣ ಅವರಿಗೆ ಬಾಯಿ ಮುಚ್ಚಿಕೊಂಡಿರಬೇಕು ಎಂದೇ ಅನ್ನಿಸಿತು.

“ಎಂಟಲ್ಲವಾ,” ಎಂದರು ಕೊನೆಗೆ. “ಅದು ನಾಲ್ಕು. ಕನ್ನಡ ನಾಲ್ಕು.”

ಸಿಯಾ ಬೈಯಲಿಲ್ಲ. ಬೈದಿದ್ದರೆ ಎಷ್ಟೋ ವಾಸಿಯಿತ್ತು. ಸತ್ತವನ್ನು ಚೀಲಕ್ಕೆ ಹಾಕಿ, ವರದಿಯಲ್ಲಿ ಏನೇನೋ ಬರೆದು ಕಾರು ಹತ್ತಿದಳು. ಸಂಜೆ ಫೋನ್ ಬಂತು. “ವಾಲಂಟಿಯರ್ಸ್ ಬೇಡ ಅಂತಿದಾರೆ ಅಪ್ಪಾ. ಐ ವಿಲ್ ಮ್ಯಾನೇಜ್.”

“ಆತವಾ,” ಎಂದರು. ಬೇಡವೆಂದದ್ದು ಆಫೀಸಿನವರೋ ಅವಳೋ ಎಂದು ಕೇಳುವ ಧೈರ್ಯವಾಗಲಿಲ್ಲ.

ಮರುದಿನ ಏಳೂವರೆಗೆ, ಅವಳು ಬೋನು ನೋಡಿ ಮುಗಿಸುವ ಹೊತ್ತಿಗೆ, ತಾವೇ ಫೋನ್ ಮಾಡಿದರು. “ಆ ಗಂಡು ಬಂದಿತ್ತೇನವಾ?”

“ಬಂದಿತ್ತು. ಅಲ್ಲೇ ಇದೆ.”

ಇಷ್ಟೇ ಮಾತು. ಆದರೂ ದಿನಾ ಮಾಡಿದರು, ಅವಳೂ ದಿನಾ ಎತ್ತಿದಳು. ಬಂದಿತ್ತೇನವಾ, ಬಂದಿತ್ತು. ಒಂದು ದಿನ ಅದು ಬೋನಿನ ಮೇಲೆ ಹತ್ತಿ ಕೂತಿತ್ತೆಂದು ಅವಳಾಗಿಯೇ ಹೇಳಿದಳು. ಇನ್ನೊಂದು ದಿನ, “ತಿಂಡಿ ಆಯ್ತಾ?” ಎಂದು ಕೇಳಿದಳು. ಆಗಿರಲಿಲ್ಲ, ಆಯ್ತು ಎಂದರು. ಆ ಪುಟ್ಟ ಪ್ರಾಣಿ ಅಲ್ಲಿ ಇನ್ನಷ್ಟು ದಿನ ಕೂತಿರಲಿ ಎಂದು ಅವರು ಬೇಡಿಕೊಂಡದ್ದೂ ನಿಜ. ಅದಕ್ಕಾಗಿ ತಮ್ಮ ಮೇಲೆಯೇ ಅಸಹ್ಯಪಟ್ಟದ್ದೂ ನಿಜ.

ಹತ್ತನೇ ದಿನ ಸಿಯಾ, “ಇಲ್ಲ ಅಪ್ಪಾ, ಇವತ್ತು ಕಾಣಿಸ್ಲಿಲ್ಲ,” ಎಂದಳು. ಮರುದಿನವೂ ಇಲ್ಲ. ಅದರ ಮರುದಿನ, “ನಾಲ್ಕನೇ ಟ್ರ್ಯಾಪ್ ತೆಗೆದುಬಿಟ್ವಿ,” ಎಂದಳು.

ಮಾರನೆಯ ಬೆಳಿಗ್ಗೆ ಏಳೂವರೆಗೆ ಕಲ್ಲಿನಾಥರು ಫೋನ್ ಕೈಗೆತ್ತಿಕೊಂಡು ಮಗಳ ಹೆಸರಿನ ತನಕ ಬೆರಳು ತಂದರು. ಏನು ಕೇಳಬೇಕೆಂದು ತೋಚಲಿಲ್ಲ.