ಸಡ್ಲಗಂಟು

ನಮ್ಮ ಕಂಪಲಾಪುರದ ಸುತ್ತಮುತ್ತ ಒಂದು ಬೈಗುಳ ಚಾಲ್ತಿಯಲ್ಲಿದೆ. ಕೆಲಸವನ್ನು ಅರೆಬರೆ ಮಾಡಿ ಎದ್ದು ಹೋಗುವವರನ್ನು, ಬರುತ್ತೇನೆಂದು ಹೇಳಿ ಬಾರದವರನ್ನು, ಸಂತೆಗೆ ಹೋಗಿ ಉಪ್ಪು ಮರೆತು ಬರುವವರನ್ನು ‘ಸಡ್ಲಗಂಟು’ ಎನ್ನುತ್ತಾರೆ. ಅಂಥ ಕೆಟ್ಟ ಬೈಗುಳವೇನಲ್ಲ, ನಗುತ್ತಲೇ ಅನ್ನುತ್ತಾರೆ. ನನ್ನ ಮಗಳು ಚಿಕ್ಕವಳಿದ್ದಾಗ ಶೂ ಲೇಸು ಕಟ್ಟಲು ಬಾರದೆ ಅಳುತ್ತಿದ್ದರೆ ನಾನೇ ಅವಳನ್ನು ಹಾಗೆ ರೇಗಿಸಿದ್ದೇನೆ. ಈ ಮಾತು ಹುಟ್ಟಿದ್ದು ನಮ್ಮ ಮನೆಯ ಅಂಗಳದಲ್ಲಿ. ಹುಟ್ಟಿಸಿದವರು ನಮ್ಮಪ್ಪ. ಅದು ಸಲ್ಲಬೇಕಾಗಿದ್ದದ್ದು ನನಗೆ, ಸಂದದ್ದು ಇನ್ನೊಬ್ಬರಿಗೆ. ನಲವತ್ತು ವರ್ಷದ ಮೇಲಾಯಿತು, ಇದನ್ನು ನಾನು ಯಾರಿಗೂ ಹೇಳಿರಲಿಲ್ಲ. ಹೇಳುವ ಪ್ರಸಂಗ ಜಪಾನಿಗೆ ಹೋಗಿ ಬಂದ ಮೇಲೆ ಬಂತು.

ಜಪಾನು ಎಂದರೆ ನಗಬೇಡಿ. ನಾನು ಕಂಪಲಾಪುರದಲ್ಲಿ ಗೊಬ್ಬರದ ಅಂಗಡಿ ಇಟ್ಟವನು. ಹೆಚ್ಚು ಮಾಲು ಮಾರಿದ ಅಂಗಡಿಯವರನ್ನು ಕಂಪನಿಯವರು ಟೂರು ಕರೆದುಕೊಂಡು ಹೋಗುವುದು ಈಗ ಮಾಮೂಲು. ಮೊದಲು ಗೋವಾ, ಆಮೇಲೆ ಬ್ಯಾಂಕಾಕು, ಹೋದ ವರ್ಷ ಜಪಾನು, ಅದೂ ಹೆಂಡತಿ ಸಮೇತ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ ಕಡೆಯ ಗೊಬ್ಬರದವರೆಲ್ಲ ಚಟ್ನಿಪುಡಿ ಡಬ್ಬಿ ಹಿಡಿದು ಹೊರಟೆವು. ಬುಲೆಟ್ ರೈಲಿನಲ್ಲಿ ಕೂತು ಕಡಲೆಕಾಯಿ ತಿಂದು, ಸಿಪ್ಪೆ ಎಲ್ಲಿ ಹಾಕುವುದೆಂದು ತಿಳಿಯದೆ ಜೇಬಿಗೆ ತುಂಬಿಕೊಂಡವರು ನಾವು.

ನಗೋಯಾ ಎಂಬ ಊರಿನಲ್ಲಿ ಒಂದು ದಿನ. ಬೆಳಿಗ್ಗೆ ಕೋಟೆ ನೋಡುವುದು. ಮಧ್ಯಾಹ್ನ ಗಂಡಸರು ಕಾರು ತಯಾರಿಸುವ ಕಾರ್ಖಾನೆಗೆ, ಹೆಂಗಸರು ಊರಾಚೆಯ ಹಳೆಯ ಬೀದಿಯೊಂದಕ್ಕೆ. ಆ ಬೀದಿಯಲ್ಲಿ ತಲೆತಲಾಂತರದಿಂದ ಬಟ್ಟೆಗೆ ದಾರದ ಗಂಟು ಹಾಕಿ ನೀಲಿಯಲ್ಲಿ ಅದ್ದುತ್ತಾರೆ. ಶಿಬೋರಿ ಎನ್ನುತ್ತಾರೆ. ಬಂದವರ ಕೈಯಲ್ಲೂ ಒಂದು ಬಟ್ಟೆ ಮಾಡಿಸಿ ಕಳಿಸುತ್ತಾರೆ. ಕೋಟೆಯ ಮೆಟ್ಟಿಲು ಹತ್ತಿ ನನ್ನ ಮಂಡಿ ಊದಿಕೊಂಡಿತ್ತು. ಕಾರ್ಖಾನೆ ಸುತ್ತಲು ಆಗದೆ ಹೆಂಗಸರ ಬಸ್ಸು ಹತ್ತಿದೆ. ನನ್ನ ಹೆಂಡತಿಗೆ ನಾಚಿಕೆ, ಉಳಿದ ಹೆಂಗಸರಿಗೆ ತಮಾಷೆ.

ಒಂದು ಹಳೆಯ ಮರದ ಮನೆಯಲ್ಲಿ, ಚಾಪೆಯ ಮೇಲೆ ಕೂರಿಸಿದರು. ಕಲಿಸಲು ಬಂದಾಕೆಗೆ ಎಂಬತ್ತು ದಾಟಿರಬೇಕು. ಅಲ್ಲಿ ಒಬ್ಬೊಬ್ಬರು ಒಂದೊಂದೇ ಬಗೆಯ ಗಂಟು ಕಲಿತು ಜೀವಮಾನವೆಲ್ಲ ಅದನ್ನೇ ಕಟ್ಟುತ್ತಾರಂತೆ. ಆಕೆ ಬಟ್ಟೆಯನ್ನು ಚಿವುಟಿ ಎತ್ತಿ, ಬುಡಕ್ಕೆ ದಾರ ಸುತ್ತಿ, ಹೆಬ್ಬೆರಳು ಒತ್ತಿ ಎಳೆದು ತೋರಿಸಿದರು. ಗಂಟು ಬಿಗಿಯಾಗಿದ್ದರೆ ಬಣ್ಣ ಒಳಗೆ ಹೋಗುವುದಿಲ್ಲ, ಅಲ್ಲಿ ಬಿಳಿ ಉಂಗುರ ಉಳಿಯುತ್ತದೆ. ನನ್ನ ಕೈಗೂ ಬಟ್ಟೆ ಕೊಟ್ಟರು.

ಕೈ ತನ್ನಷ್ಟಕ್ಕೆ ತಾನೇ ಕಟ್ಟತೊಡಗಿತು. ಎರಡು ಸುತ್ತು, ಎರಡನೆಯದನ್ನು ಮೊದಲನೆಯದರ ಮೇಲೆ ಹತ್ತಿಸಿ, ಹೆಬ್ಬೆರಳಿನಿಂದ ಅದುಮಿ ಒಂದು ಎಳೆತ. ಹೆಂಗಸರು ಮೂರು ಗಂಟು ಹಾಕುವಷ್ಟರಲ್ಲಿ ನಾನು ಇಪ್ಪತ್ತು ಹಾಕಿದ್ದೆ.

“ಮನೇಲಿ ಒಂದು ಗುಂಡಿ ಹೊಲ್ಕೊಳ್ಳಕ್ಕೆ ಬರಲ್ಲ ಇವರಿಗೆ!” ಎಂದು ನನ್ನ ಹೆಂಡತಿ ಎಲ್ಲರಿಗೂ ಕೇಳುವಂತೆ ಹೇಳಿದಳು. ಅವಳು ಚುಂಚನಕಟ್ಟೆಯ ಗದ್ದೆ ನಾಡಿನವಳು. ನಮ್ಮ ಕಡೆಯ ಹೊಗೆಸೊಪ್ಪಿನ ಕೆಲಸ ಕಂಡವಳಲ್ಲ.

ಬಟ್ಟೆ ನೀಲಿಯ ತೊಟ್ಟಿಯಿಂದ ಮೇಲೆ ಬಂದಾಗ ಹಸಿರಾಗಿತ್ತು. ಗಾಳಿ ತಾಗಿದ ಹಾಗೆ ನೀಲಿಗೆ ತಿರುಗಿತು. ತೊಳೆದು ದಾರ ಬಿಚ್ಚಿದರೆ ನನ್ನದರಲ್ಲಿ ಸಾಲಾಗಿ ಬಿಳಿ ಉಂಗುರಗಳು. ನನ್ನ ಹೆಂಡತಿಯದರಲ್ಲಿ ಒಂದೂ ಉಳಿದಿರಲಿಲ್ಲ, ಎಲ್ಲ ನೀಲಿ. “ಅಯ್ಯೋ, ನಾನು ಸಡ್ಲಗಂಟು ಕಣ್ರೀ!” ಎಂದು ಬಟ್ಟೆ ಎತ್ತಿ ತೋರಿಸಿ ನಕ್ಕಳು. ಜೊತೆಗಿದ್ದವರೂ ನಕ್ಕರು. ನಾನು ಬಿಚ್ಚಿದ ದಾರವನ್ನು ಉಂಡೆ ಸುತ್ತುತ್ತಾ ಕೂತೆ.

ಆ ಅಜ್ಜಿ ಅಷ್ಟು ಹೊತ್ತಿಗೆ ನನ್ನ ಬಟ್ಟೆಯನ್ನು ಬೆಳಕಿಗೆ ಹಿಡಿದು ನೋಡುತ್ತಿದ್ದರು. ಏನೋ ಕೇಳಿದರು. ಟೂರಿನ ಹುಡುಗಿ ಇಂಗ್ಲಿಷಿಗೆ ತಂದಳು, ನಮ್ಮ ಜೊತೆ ಬಂದಿದ್ದ ಕಂಪನಿಯ ಮ್ಯಾನೇಜರು ಕನ್ನಡಕ್ಕೆ: “ಇದನ್ನ ನಿಮಗೆ ಕಲಿಸಿದವರು ಯಾರು, ಅವರ ಹೆಸರೇನು ಅಂತ ಕೇಳ್ತಿದ್ದಾರೆ.”

ನನಗೆ ಹೆಸರು ಗೊತ್ತಿರಲಿಲ್ಲ. ನಾಲಿಗೆಯ ತುದಿಗೆ ಬಂದದ್ದು ಆ ಒಂದೇ ಮಾತು, ಈಗಷ್ಟೇ ಹೆಂಡತಿ ಹೇಳಿ ನಕ್ಕ ಮಾತು. ನುಂಗಿಕೊಂಡು, “ನಮ್ಮಮ್ಮ” ಎಂದೆ.

ಅಜ್ಜಿ ಎರಡೂ ಕೈ ಮಂಡಿಯ ಮೇಲಿಟ್ಟು ತಲೆ ಬಾಗಿಸಿದರು. ನಿಮ್ಮ ತಾಯಿಗೆ ನನ್ನ ನಮಸ್ಕಾರ ತಲುಪಿಸಿ ಎಂದರಂತೆ. ಬಸ್ಸಿನಲ್ಲಿ ಹೆಂಡತಿ ನನ್ನ ಮುಖವನ್ನೇ ನೋಡುತ್ತಾ, “ಅದು ಹೊಗೆಸೊಪ್ಪು ಕಟ್ಟೋ ಗಂಟು ಅಂತ ಹುಣಸೂರಿನವರು ಅಂದ್ರು. ಅತ್ತೆಗೆ ಅದರ ವಾಸನೆ ಕಂಡ್ರೆ ಆಗ್ತಿರಲಿಲ್ಲ ಅಂತ ನೀವೇ ಹೇಳ್ತಿದ್ರಿ. ಯಾವಾಗ ಕಲಿಸಿದ್ರು?” ಎಂದಳು. ನಿದ್ದೆ ಬಂದವನಂತೆ ಕಣ್ಣು ಮುಚ್ಚಿದೆ.

ಕಲಿಸಿದವಳು ಹಾಡಿಯವಳು. ನಮ್ಮದು ಕಂಪಲಾಪುರಕ್ಕೂ ಬೆಟ್ಟದಪುರಕ್ಕೂ ನಡುವಿನ ಊರು, ಹೊಗೆಸೊಪ್ಪಿನ ಬೇಸಾಯ. ಪ್ರತಿ ಸುಗ್ಗಿಗೂ ಎಚ್.ಡಿ. ಕೋಟೆ ಕಡೆಯ ಕಾಡಂಚಿನ ಹಾಡಿಯಿಂದ, ಅಂದರೆ ಬುಡಕಟ್ಟಿನವರ ಕೇರಿಯಿಂದ, ನಾಲ್ಕೈದು ಜನ ಬಂದು ನಮ್ಮ ಕೊಟ್ಟಿಗೆಯ ಪಕ್ಕದಲ್ಲಿ ಇರುತ್ತಿದ್ದರು. ಮುರಿದು ತಂದ ಹಸಿ ಎಲೆಯನ್ನು ಹಿಡಿಹಿಡಿಯಾಗಿ ಉದ್ದ ಕಡ್ಡಿಗೆ ದಾರದಲ್ಲಿ ಕಟ್ಟುವುದು ಅವರ ಕೆಲಸ. ಆ ಕಡ್ಡಿಗಳನ್ನು ಬ್ಯಾರನ್ ಎನ್ನುವ ಎತ್ತರದ ಹೆಂಚಿನ ಮನೆಯೊಳಗೆ ಅಟ್ಟಣಿಗೆ ಅಟ್ಟಣಿಗೆಯಾಗಿ ತೂಗುಹಾಕಿ, ಕೆಳಗೆ ಕಬ್ಬಿಣದ ಕೊಳವೆಗಳನ್ನು ಕಾಯಿಸಿ ಎಲೆ ಬೇಯಿಸುತ್ತಾರೆ. ಬೇಯುತ್ತಾ ಎಲೆಯ ದಂಟು ಸೊರಗುತ್ತದೆ. ಗಂಟು ಸಡಿಲವಿದ್ದರೆ ಒಣಗಿದ ಎಲೆ ಜಾರಿ ಕಾದ ಕೊಳವೆಯ ಮೇಲೆ ಬೀಳುತ್ತದೆ. ಒಂದು ಎಲೆ ಸಾಕು, ಬ್ಯಾರನ್ ಪೂರಾ ಹೊತ್ತಿಕೊಳ್ಳಲು.

ಅವಳಿಗೆ ಆಗ ಇಪ್ಪತ್ತೋ ಇಪ್ಪತ್ತೆರಡೋ. ಮನೆಯವರು ‘ಹಾಡಿಯವಳು’ ಎನ್ನುತ್ತಿದ್ದರು, ನಾನು ಅಕ್ಕ ಎನ್ನುತ್ತಿದ್ದೆ. ನನಗೆ ಹದಿಮೂರು. ಎಲೆಯ ಅಂಟಿನಿಂದ ಕಪ್ಪಾದ ತನ್ನ ಬೆರಳುಗಳ ನಡುವೆ ನನ್ನ ಬೆರಳು ಹಿಡಿದು ಕಲಿಸಿದಳು: “ಎರಡ್ ಸುತ್ತು ಆಕು ಚಿಕ್ಕಗೌಡ. ದಂಟು ಒಣಗಿದ್ ಮ್ಯಾಕೂ ಬುಡ್ಬಾರ್ದು, ಅಂಗೆ ಎಳಿ.” ಅಪ್ಪ ಎಲ್ಲರ ಕಡ್ಡಿಗಳನ್ನೂ ಜಗ್ಗಿ ನೋಡಿಯೇ ಬ್ಯಾರನ್ನಿಗೆ ಏರಿಸುತ್ತಿದ್ದರು. ಅವಳ ಗುಡ್ಡೆಯನ್ನು ಮಾತ್ರ ನೋಡುತ್ತಿರಲಿಲ್ಲ. ಅಷ್ಟು ನಂಬಿಕೆ.

ಆ ಸುಗ್ಗಿಯಲ್ಲಿ ಕಂಪಲಾಪುರಕ್ಕೆ ಸೈಕಲ್ ತುಳಿಯುವವನು ಬಂದಿದ್ದ. ನೆಲಕ್ಕೆ ಕಾಲಿಡದೆ ಏಳು ದಿನ ಸೈಕಲ್ ಮೇಲೇ ಊಟ, ಸ್ನಾನ ಎಲ್ಲ. ಕೊನೆಯ ದಿನ ಬೆಂಕಿಯ ಬಳೆಯೊಳಗೆ ನುಗ್ಗುತ್ತಾನೆ ಎಂದು ಊರೆಲ್ಲ ಸುದ್ದಿ. ಅಪ್ಪ, “ಇಪ್ಪತ್ತು ಕಡ್ಡಿ ಕಟ್ಟಿ ಎಲ್ಲಿಗಾದ್ರೂ ಓಗು” ಎಂದಿದ್ದರು. ಎರಡು ಸುತ್ತು ಹಾಕುತ್ತಾ ಕೂತರೆ ಹೊತ್ತು ಮೀರುತ್ತದೆ. ಒಂದೇ ಸುತ್ತು ಹಾಕಿ ಕಟ್ಟಿದೆ. ನನ್ನ ಗುಡ್ಡೆಯಲ್ಲಿಟ್ಟರೆ ಅಪ್ಪ ಜಗ್ಗಿ ನೋಡುತ್ತಾರೆ. ಅಕ್ಕ ನೀರು ಕುಡಿಯಲು ಎದ್ದು ಹೋದಾಗ ಆ ಕಡ್ಡಿಗಳನ್ನು ಅವಳ ಗುಡ್ಡೆಗೆ ಸೇರಿಸಿ, ಅವಳದರಿಂದ ಅಷ್ಟೇ ಕಡ್ಡಿ ತೆಗೆದು ನನ್ನ ಕಡೆ ಇಟ್ಟುಕೊಂಡೆ. ಅಪ್ಪ ಜಗ್ಗಿ ನೋಡಿ, “ಪರವಾಗಿಲ್ಲ, ಕಲ್ತವ್ನೆ” ಎಂದರು. ಓಡಿದೆ. ಸೈಕಲ್ಲಿನವನು ಬೆಂಕಿಯ ಬಳೆಯೊಳಗೆ ನುಗ್ಗಿದ. ನಾನು ಶಿಳ್ಳೆ ಹೊಡೆದೆ.

ನಾಲ್ಕನೆಯ ದಿನ ಮಧ್ಯಾಹ್ನ ಶಾಲೆಯಿಂದ ಬರುವಾಗ ದೂರಕ್ಕೇ ಹೊಗೆ ಕಂಡಿತು. ಬ್ಯಾರನ್ನಿನ ಹೆಂಚು ಪಟಪಟನೆ ಸಿಡಿಯುತ್ತಿತ್ತು. ಬೆಂಕಿ ಆರಿದ ಮೇಲೆ ಅಪ್ಪ ಕೇಳಿದ್ದು ಒಂದೇ: “ತಳದ ಅಟ್ಟಣಿಗೇಗೆ ಯಾರ್ ಕಟ್ಟಿದ್ದು ಏರ್ಸಿದ್ರಲಾ?” ಏರಿಸಿದವರು ಅವಳ ಕಡೆ ಕೈ ತೋರಿಸಿದರು. ಅಪ್ಪ ಕೂಗಾಡಿದರು. ಕಾಡಿನವರ ಬುದ್ಧಿ ಎಂದರು, ಇನ್ನೂ ಬರೆಯಲಾಗದ್ದು ಏನೇನೋ ಎಂದರು. “ನಂಬಿದ್ಕೆ ಸಡ್ಲಗಂಟು ಆಕ್ಬುಟ್ಟು ಮನೆ ಸುಟ್ಯಲ್ಲೇ” ಎಂದರು. ಅವಳು ನನ್ನ ಕಡೆ ಒಮ್ಮೆ ನೋಡಿದಳು. ನಾನು ಕಾಲಿನ ಹೆಬ್ಬೆರಳಿನಿಂದ ಬೂದಿ ಕೆದಕುತ್ತಾ ನಿಂತಿದ್ದೆ. ಅವಳು ಸಂಜೆಯೊಳಗೆ ಗಂಟುಮೂಟೆ ಕಟ್ಟಿಕೊಂಡು ಹೋದಳು. ಆಮೇಲೆ ಸುತ್ತಿನ ಊರಿನವರು ಯಾರೂ ಅವಳನ್ನು ಸೊಪ್ಪು ಕಟ್ಟಲು ಕರೆಯಲಿಲ್ಲ. ಮಾತು ಮಾತ್ರ ಉಳಿದುಕೊಂಡಿತು.

ಜಪಾನಿನಿಂದ ಬಂದು ಎರಡು ತಿಂಗಳು ಆ ನೀಲಿ ಬಟ್ಟೆ ಬೀರುವಿನಲ್ಲಿತ್ತು. ಬೀರು ತೆಗೆದಾಗಲೆಲ್ಲ ಆ ಅಜ್ಜಿ ಕೊಟ್ಟ ನಮಸ್ಕಾರ ನೆನಪಾಗುತ್ತಿತ್ತು. ಪರರ ಸೊತ್ತನ್ನು ತಂದು ಇಟ್ಟುಕೊಂಡ ಹಾಗೆ ಅನಿಸಿ ಊಟ ಸೇರುತ್ತಿರಲಿಲ್ಲ. ಕೊನೆಗೆ ಒಂದು ಬೆಳಿಗ್ಗೆ, ಎಚ್.ಡಿ. ಕೋಟೆಯಲ್ಲಿ ಕೆಲಸವಿದೆ ಎಂದು ಹೆಂಡತಿಗೆ ಇನ್ನೊಂದು ಸುಳ್ಳು ಹೇಳಿ ಹೊರಟೆ.

ಹಾಡಿಯ ಹೆಸರು ಗೊತ್ತಿತ್ತು, ಅವಳ ಹೆಸರು ಗೊತ್ತಿರಲಿಲ್ಲ. ನಲ್ಲಿಯ ಹತ್ತಿರ ಬಿಂದಿಗೆ ತೊಳೆಯುತ್ತಿದ್ದ ಹೆಂಗಸನ್ನು, ಹಿಂದೆ ಬೆಟ್ಟದಪುರದ ಕಡೆ ಸೊಪ್ಪು ಕಟ್ಟಲು ಬರುತ್ತಿದ್ದ ಒಬ್ಬ ಅಕ್ಕ ಇದ್ದಳಲ್ಲ ಎಂದು ಕೇಳಿದೆ.

“ಸಡ್ಲಗಂಟಜ್ಜಿನಾ? ಆ ಹೊಂಗೆ ಮರದ ಪಕ್ಕದ್ ಮನೆ.”

ಅವಳು ಅಣಕಿಸಲಿಲ್ಲ. ರಂಗಜ್ಜಿ, ಕೆಂಪಜ್ಜಿ ಎನ್ನುವ ಹಾಗೆ, ಸಹಜವಾಗಿ ಹೇಳಿದಳು. ಬೇರೆ ತಾಲ್ಲೂಕಿಗೆ ಆ ಮಾತು ದಾಟಿಲ್ಲ ಎಂದು ನಂಬಿಕೊಂಡಿದ್ದೆ. ಅದು ಅಕ್ಕನ ಬೆನ್ನು ಹತ್ತಿ ಮನೆಯವರೆಗೂ ಬಂದಿತ್ತು. ಅಲ್ಲಿಂದಲೇ ಹಿಂದಿರುಗಿ ಬಿಡೋಣ ಅನಿಸಿತು.

ಅಕ್ಕ ಅಂಗಳದಲ್ಲಿ ಕೂತು ಹುಲ್ಲಿನ ಪೊರಕೆ ಕಟ್ಟುತ್ತಿದ್ದಳು. ತಲೆ ಪೂರಾ ಬಿಳಿ. ಅದೇ ಹೆಬ್ಬೆರಳು, ಅದೇ ಎಳೆತ. ಬ್ಯಾರನ್ ಸುಟ್ಟ ಮನೆಯವನು ಎಂದೆ. ಕಣ್ಣು ಕಿರಿದು ಮಾಡಿ ನೋಡಿದಳು.

“ಚಿಕ್ಕಗೌಡ! ಮುದ್ಕ ಆಗೋಗಿದ್ದೀಯಲ್ಲ.”

ಬಟ್ಟೆ ಕೈಗಿಟ್ಟು, ದೂರದೇಶದ ಒಬ್ಬ ಅಜ್ಜಿ ನಿನಗೆ ನಮಸ್ಕಾರ ಹೇಳಿದ್ದಾರೆ ಎಂದೆ. ಉಂಗುರಗಳ ಮೇಲೆ ಬೆರಳಾಡಿಸಿದಳು.

“ಈ ಸಲ ಎರಡ್ ಸುತ್ತು ಆಕಿದ್ದೀಯ” ಎಂದಳು.

“ನಿಂಗೆ ಗೊತ್ತಿತ್ತಾ ಅಕ್ಕ?”

“ಅವತ್ ನಿನ್ ಮೊಕ ನೋಡ್ದೆನಲ್ಲ.”

“ಮತ್ಯಾಕೆ ಹೇಳ್ಲಿಲ್ಲ?”

“ನಾ ಏಳಿದ್ರೆ ಯಾರ್ ನಂಬೋರು? ಸಣ್ ಮಗ, ಇವತ್ ಎದ್ರಿಕೊಂಡವ್ನೆ, ನಾಳೆ ಏಳ್ತಾನೆ ಅನ್ಕಂಡೆ. ಎರಡ್ ಸುಗ್ಗಿ ಕಾದೆ, ಯಾರಾರಾ ಕರಿಯಕ್ ಬತ್ತಾರೆ ಅಂತ.”

ತಪ್ಪಾಯಿತು ಎಂದೆ. ಕೈಮುಗಿದೆ, ಅತ್ತೂಬಿಟ್ಟೆ. ಅವಳು ಸಮಾಧಾನ ಮಾಡಲೂ ಇಲ್ಲ, ಬಯ್ಯಲೂ ಇಲ್ಲ. ಪೊರಕೆಯನ್ನು ಮತ್ತೆ ಕೈಗೆತ್ತಿಕೊಂಡಳು.

“ನಂಗ್ಯಾಕ್ ಏಳ್ತೀಯ ಚಿಕ್ಕಗೌಡ? ನಂಗ್ ಗೊತ್ತಿರೋದೇ. ಗೊತ್ತಿಲ್ದೋರ್ಗ್ ಏಳು.”

ಹೊರಡುವ ಮುಂಚೆ ಅವಳ ಹೆಸರು ಕೇಳಿದೆ. ಇಷ್ಟು ವರ್ಷದ ಮೇಲೆ ಕೇಳುತ್ತಿದ್ದೀಯ ಎಂದು ನಕ್ಕು ಹೇಳಿದಳು. ಅದನ್ನು ಇಲ್ಲಿ ಬರೆಯುವುದಿಲ್ಲ. ಅದನ್ನು ಹೇಳಬೇಕಾದ ಜಾಗ ಬೇರೆ.

ಆ ಜಾಗ ನನ್ನ ಅಂಗಡಿಯ ಮುಂದಿನ ರಸ್ತೆಯೇ. ದಿನವೂ ಅಲ್ಲೇ ಕೂರುವವನು ನಾನು, ಆದರೂ ಬಾಯಿ ಬರಲಿಲ್ಲ. ಒಂದು ವಾರದಲ್ಲಿ ಮೂರು ಸಲ ಆ ಮಾತು ಕಿವಿಗೆ ಬಿತ್ತು. ಒಮ್ಮೆ ಫೋನು ಬಂದವನಂತೆ ಎದ್ದು ಹೋದೆ. ಒಮ್ಮೆ ನಕ್ಕೂಬಿಟ್ಟೆ, ಅಭ್ಯಾಸ ಬಲ. ಆ ದಿನ ನನ್ನ ಮೇಲೆ ನನಗೇ ಹೇಸಿಗೆಯಾಯಿತು.

ಮೊನ್ನೆ ಶನಿವಾರ, ಪರಿಚಯದ ರೈತರೊಬ್ಬರು ಗೊಬ್ಬರದ ಮೂಟೆಯನ್ನು ಸ್ಕೂಟರಿಗೆ ಬಿಗಿದು ಹೊರಟರು. ನಾಲ್ಕು ಮಾರು ಹೋಗುವಷ್ಟರಲ್ಲಿ ಹಗ್ಗ ಜಾರಿ ಮೂಟೆ ರಸ್ತೆಗೆ ಬಿತ್ತು. ಟೀ ಅಂಗಡಿಯವರು, “ಯಾವ್ ಸಡ್ಲಗಂಟು ಕಟ್ಟಿದ್ದು ಅದ?” ಎಂದು ಕೂಗಿದರು. ಎಲ್ಲರೂ ನಕ್ಕರು. ಗಲ್ಲಾದ ಹತ್ತಿರ ಕೂತಿದ್ದ ನನ್ನ ಹೆಂಡತಿಯೂ ನಕ್ಕಳು.

“ನಾನು” ಎಂದೆ.

“ನೀವೆಲ್ ಕಟ್ಟಿದ್ರಣ್ಣ? ಕಟ್ಟಿದ್ ನಾನಲ್ವಾ?” ಎಂದರು ರೈತರು.

“ಮೂಟೆ ವಿಷ್ಯ ಅಲ್ಲ ಕಣಣ್ಣ. ಸಡ್ಲಗಂಟು ಅನ್ನೋ ಹೆಸ್ರು ನಂದು. ಇಷ್ಟ್ ವರ್ಷ ಬೇರೆಯವರ ತಲೆ ಮೇಲಿಟ್ಟಿದ್ದೆ.” ಎಂದು ಅಕ್ಕನ ಹೆಸರನ್ನು ಗಟ್ಟಿಯಾಗಿ ಹೇಳಿದೆ. ಕಂಪಲಾಪುರದ ರಸ್ತೆಯಲ್ಲಿ ಆ ಹೆಸರನ್ನು ಯಾರಾದರೂ ಹೇಳಿದ್ದು ಅದೇ ಮೊದಲಿರಬೇಕು.

ಒಬ್ಬರ ಮುಖ ಒಬ್ಬರು ನೋಡಿಕೊಂಡರು. ನನ್ನ ಹೆಂಡತಿ ಗಲ್ಲಾ ಬಿಟ್ಟು ಎದ್ದು ಬಾಗಿಲಿಗೆ ಬಂದು ನಿಂತಳು.

“ಅದ್ಯಾರಣ್ಣ?” ಎಂದರು ಟೀ ಅಂಗಡಿಯವರು.